ವಾಟ್ಸಾಪ್ ಬೀಟಾ: ಸೇರುವ ಮುನ್ನ, ಸೇರಿದ ಮೇಲೆ, ಹೊರಬರುವಾಗ

ಬೀಟಾಕ್ಕೆ, ಅಂದರೆ ಆ್ಯಪ್ಪಿನ ಪರೀಕ್ಷಾ ಆವೃತ್ತಿಗೆ, ಸೇರಲು ಎರಡು ಸಲ ಬೆರಳು ಒತ್ತಿದರೆ ಸಾಕು. ಹೊರಬರುವುದು ಅಷ್ಟು ಸಲೀಸಲ್ಲ. ಅವಸರದಲ್ಲಿ ಆ್ಯಪ್ ಅಳಿಸಿ ಮತ್ತೆ ಹಾಕಿಕೊಂಡವರು ವರ್ಷಗಟ್ಟಲೆಯ ಮಾತುಕತೆ, ಫೋಟೊಗಳನ್ನು ಕಳೆದುಕೊಳ್ಳುವುದು ಇಲ್ಲೇ. ಹಾಗಾಗಿ ಈ ಬರಹದಲ್ಲಿ ಸೇರುವ ಕ್ರಮಕ್ಕಿಂತ ಅದರ ಹಿಂದುಮುಂದಿನ ಕೆಲಸಗಳಿಗೆ ಹೆಚ್ಚು ಜಾಗ ಕೊಟ್ಟಿದೆ. ಉದಾಹರಣೆಗೆ ವಾಟ್ಸಾಪ್ ತೆಗೆದುಕೊಂಡಿದ್ದೇವೆ, ಏಕೆಂದರೆ ಅದು ಎಲ್ಲರ ಫೋನಿನಲ್ಲೂ ಇದೆ, ಅದರಲ್ಲಿ ಕಳೆದುಕೊಳ್ಳುವುದೂ ಹೆಚ್ಚಿದೆ. ಪ್ಲೇ ಸ್ಟೋರ್‌ನಲ್ಲಿ ಬೀಟಾ ಇರುವ ಬೇರೆ ಆ್ಯಪ್‌ಗಳಿಗೂ ಕ್ರಮ ಇದೇ.

ಬೀಟಾ ಎಂದರೆ ಎಲ್ಲರಿಗೂ ಬಿಡುವ ಮೊದಲು ಒಂದಷ್ಟು ಜನರ ಕೈಗೆ ಕೊಟ್ಟು ನೋಡುವ ಆವೃತ್ತಿ. ಕಂಪನಿಯ ಒಳಗೆ ಪರೀಕ್ಷೆ ಒಂದು ಸುತ್ತು ಮುಗಿದಿರುತ್ತದೆ. ಆದರೆ ಐದು ವರ್ಷ ಹಳೆಯ ಫೋನು, ಕುಂಟುವ ನೆಟ್‌ವರ್ಕ್, ತುಂಬಿಹೋದ ಮೆಮೊರಿ, ಕನ್ನಡದಲ್ಲಿ ಇಟ್ಟುಕೊಂಡ ಫೋನ್ ಭಾಷೆ, ಇವೆಲ್ಲ ಕಂಪನಿಯ ಪರೀಕ್ಷಾ ಕೋಣೆಯಲ್ಲಿ ಒಟ್ಟಿಗೆ ಸಿಗುವುದಿಲ್ಲ. ಅದಕ್ಕೇ ಹೊರಗಿನವರು ಬೇಕು.

ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆ: ಬೀಟಾ ಬೇರೆ ಆ್ಯಪ್ಪೋ, ಇರುವುದರ ಮೇಲೇ ಕೂರುತ್ತದೋ?

ಬೀಟಾಗಳಲ್ಲಿ ಎರಡು ಬಗೆ. ಕ್ರೋಮ್ ಬೀಟಾ, ಫೈರ್‌ಫಾಕ್ಸ್ ಬೀಟಾ, ವಿಕಿಪೀಡಿಯ ಬೀಟಾ, ಸ್ವಿಫ್ಟ್‌ಕೀ ಬೀಟಾ ಇವೆಲ್ಲ ಪ್ಲೇ ಸ್ಟೋರ್‌ನಲ್ಲಿ ಬೇರೆಯೇ ಆ್ಯಪ್‌ಗಳು. ಮಾಮೂಲಿ ಕ್ರೋಮ್ ಪಕ್ಕದಲ್ಲೇ ಕ್ರೋಮ್ ಬೀಟಾ ಕೂರುತ್ತದೆ. ಒಂದು ಕೆಟ್ಟರೆ ಇನ್ನೊಂದು ಇರುತ್ತದೆ. ಸಾಕೆನಿಸಿದರೆ ಅಳಿಸಿದರಾಯಿತು, ಏನೂ ನಷ್ಟವಿಲ್ಲ. ಬೀಟಾ ಎಂಬುದನ್ನೇ ಮೊದಲ ಬಾರಿ ನೋಡುತ್ತಿರುವವರು ಇಂಥದ್ದರಿಂದ ಶುರು ಮಾಡುವುದು ಒಳ್ಳೆಯದು.

ವಾಟ್ಸಾಪ್, ಜಿಬೋರ್ಡ್, ಸಿಗ್ನಲ್ ಎರಡನೆಯ ಬಗೆಯವು. ಇಲ್ಲಿ ಬೀಟಾ ಒಂದು ಅಪ್‌ಡೇಟ್ ರೂಪದಲ್ಲಿ ಬಂದು, ನಿಮ್ಮ ಫೋನಿನಲ್ಲಿ ಈಗಾಗಲೇ ಇರುವ ಆ್ಯಪ್ಪಿನ ಮೇಲೆಯೇ ಕೂರುತ್ತದೆ. ಐಕಾನ್ ಅದೇ, ಮಾಹಿತಿ ಅದೇ, ಒಳಗಿನ ಕೋಡ್ ಮಾತ್ರ ಹೊಸತು. ಎಚ್ಚರ ಬೇಕಾಗುವುದು ಇಂಥವುಗಳಲ್ಲಿ.

ಇದರ ಜೊತೆಗೆ ಇನ್ನೊಂದು ಮಾತು: ಬ್ಯಾಂಕ್ ಮತ್ತು ಯುಪಿಐ ಆ್ಯಪ್‌ಗಳ ಬೀಟಾವನ್ನು ನಿತ್ಯ ಬಳಸುವ ಫೋನಿನಲ್ಲಿ ಹಾಕಿಕೊಳ್ಳಬೇಡಿ. ಅಂಗಡಿಯ ಮುಂದೆ ನಿಂತಾಗ ಆ್ಯಪ್ ತೆರೆಯದೆ ಹೋಗುವುದು ಒಂದು ಕಷ್ಟ. ಅಳಿಸಿ ಮತ್ತೆ ಹಾಕಿದರೆ ಸಿಮ್‌ನಿಂದ ಎಸ್ಸೆಮ್ಮೆಸ್ ಕಳಿಸಿ ನಂಬರ್ ದೃಢೀಕರಿಸುವ ಕೆಲಸ ಮೊದಲಿನಿಂದ ಆಗಬೇಕು, ಅದು ಇನ್ನೊಂದು ಕಷ್ಟ. ಅಲಾರಂ, ಔಷಧಿ ನೆನಪಿಸುವ ಆ್ಯಪ್, ಕಚೇರಿ ಕೆಲಸಕ್ಕೆ ಬೇಕೇಬೇಕಾದ ಆ್ಯಪ್, ಇವುಗಳಿಗೂ ಈ ಮಾತು ಸಲ್ಲುತ್ತದೆ.

ಸೇರುವ ಮುನ್ನ ಬ್ಯಾಕಪ್

ವಾಟ್ಸಾಪ್ ತೆರೆದು ಸೆಟ್ಟಿಂಗ್ಸ್, ಅದರಲ್ಲಿ ಚಾಟ್ಸ್, ಅದರ ಕೆಳಗೆ ಚಾಟ್ ಬ್ಯಾಕಪ್‌ಗೆ ಹೋಗಿ. ಕೊನೆಯ ಬ್ಯಾಕಪ್ ಯಾವಾಗ ಆಗಿದೆ ಎಂಬುದು ಮೇಲೆಯೇ ಕಾಣುತ್ತದೆ. ಈಗ ನಾಲ್ಕು ವಿಷಯ ನೋಡಿ.

ಬ್ಯಾಕಪ್ ಯಾವ ಗೂಗಲ್ ಖಾತೆಗೆ ಹೋಗುತ್ತಿದೆ? ಹಳೆಯ ಫೋನ್ ಕೊಂಡಾಗ ಅಂಗಡಿಯವರು ಮಾಡಿಕೊಟ್ಟ ಖಾತೆಗೆ ಹೋಗುತ್ತಿದ್ದು, ಅದರ ಪಾಸ್‌ವರ್ಡ್ ಯಾರಿಗೂ ನೆನಪಿಲ್ಲದಿರುವುದು ತೀರ ಸಾಮಾನ್ಯ. ಮರಳಿ ಪಡೆಯಲು ಅದೇ ಫೋನ್ ನಂಬರ್, ಅದೇ ಗೂಗಲ್ ಖಾತೆ ಎರಡೂ ಬೇಕು.

ಖಾತೆಯಲ್ಲಿ ಜಾಗ ಇದೆಯೇ? ಮೊದಲು ವಾಟ್ಸಾಪ್ ಬ್ಯಾಕಪ್ಪನ್ನು ಗೂಗಲ್ ಲೆಕ್ಕಕ್ಕೆ ಹಿಡಿಯುತ್ತಿರಲಿಲ್ಲ. ಈಗ ಅದು 15 ಜಿಬಿ ಉಚಿತ ಮಿತಿಯೊಳಗೇ ಬರುತ್ತದೆ. ಜಿಮೇಲ್, ಫೋಟೊಗಳೇ ಅದನ್ನು ತುಂಬಿಸಿದ್ದರೆ ಬ್ಯಾಕಪ್ ತಿಂಗಳುಗಳ ಹಿಂದೆಯೇ ನಿಂತುಹೋಗಿರಬಹುದು. ವಿಡಿಯೊಗಳನ್ನು ಬ್ಯಾಕಪ್‌ನಿಂದ ಬಿಟ್ಟರೆ ಗಾತ್ರ ಬಹಳ ಇಳಿಯುತ್ತದೆ.

ಎಂಡ್ ಟು ಎಂಡ್ ಎನ್‌ಕ್ರಿಪ್ಟೆಡ್ ಬ್ಯಾಕಪ್ (ಕೀಲಿ ಇದ್ದವರಷ್ಟೇ ತೆರೆಯಬಲ್ಲ ಬ್ಯಾಕಪ್) ಚಾಲೂ ಇದೆಯೇ? ಇದ್ದರೆ ಅದರ ಪಾಸ್‌ವರ್ಡ್ ಅಥವಾ 64 ಅಂಕಿ-ಅಕ್ಷರಗಳ ಕೀಲಿ ನಿಮ್ಮಲ್ಲಿ ಬರೆದಿಟ್ಟಿರಬೇಕು. ಅದು ಕಳೆದರೆ ಕಂಪನಿಗೂ ಗೂಗಲ್‌ಗೂ ಅದನ್ನು ಬಿಡಿಸಲು ಬರುವುದಿಲ್ಲ.

ಕೊನೆಯದು, ಟೂ ಸ್ಟೆಪ್ ವೆರಿಫಿಕೇಶನ್‌ನ 6 ಅಂಕಿಗಳ ಪಿನ್, ಖಾತೆಯ ಭದ್ರತೆಗೆ ನೀವೇ ಇಟ್ಟುಕೊಂಡದ್ದು. ಮರೆತಿದ್ದು, ಮರುಹೊಂದಿಸಲು ಇಮೇಲ್ ಕೂಡ ಕೊಟ್ಟಿರದಿದ್ದರೆ, ಮತ್ತೆ ನೋಂದಾಯಿಸುವಾಗ 7 ದಿನ ಕಾಯಬೇಕಾಗುತ್ತದೆ. ಸಿಮ್ ಚಾಲ್ತಿಯಲ್ಲಿದೆಯೇ ಎಂಬುದನ್ನೂ ಇದೇ ಹೊತ್ತಿಗೆ ನೋಡಿಬಿಡಿ. ಓಟಿಪಿ ಬರುವುದು ಅದಕ್ಕೇ.

ಇಷ್ಟಾದ ಮೇಲೆ ವೈಫೈಯಲ್ಲಿ 'ಬ್ಯಾಕ್ ಅಪ್' ಒತ್ತಿ, ಪೂರ್ತಿ ಆಗುವವರೆಗೆ ಕಾಯಿರಿ. ಇವತ್ತಿನ ದಿನಾಂಕ ಕಂಡ ಮೇಲೆ ಮುಂದಿನ ಹೆಜ್ಜೆ.

ಸೇರುವ ಕ್ರಮ, ಆಂಡ್ರಾಯ್ಡ್‌ನಲ್ಲಿ

ಪ್ಲೇ ಸ್ಟೋರ್ ತೆರೆಯಿರಿ. ಬಲಮೇಲ್ಭಾಗದ ನಿಮ್ಮ ಚಿತ್ರವನ್ನು ಒತ್ತಿ, ಯಾವ ಗೂಗಲ್ ಖಾತೆಯಲ್ಲಿ ಇದ್ದೀರಿ ಎಂದು ಖಚಿತ ಮಾಡಿಕೊಳ್ಳಿ. ಬೀಟಾ ಸದಸ್ಯತ್ವ ಅಂಟಿಕೊಳ್ಳುವುದು ಫೋನಿಗಲ್ಲ, ಖಾತೆಗೆ. ಮುಂದೆ ಬರುವ ತೊಡಕುಗಳಲ್ಲಿ ಅರ್ಧಕ್ಕೆ ಮೂಲ ಈ ಒಂದು ಸಂಗತಿ.

ನಂತರ ವಾಟ್ಸಾಪ್ ಪುಟಕ್ಕೆ ಹೋಗಿ ಕೆಳಗೆ ಸರಿಸುತ್ತಾ ಬನ್ನಿ. ವಿಮರ್ಶೆಗಳನ್ನೂ ದಾಟಿದ ಮೇಲೆ 'ಜಾಯಿನ್ ದ ಬೀಟಾ' ಎಂಬ ಭಾಗ ಸಿಗುತ್ತದೆ. 'ಜಾಯಿನ್' ಒತ್ತಿ, ಕೇಳಿದಾಗ ಮತ್ತೊಮ್ಮೆ 'ಜಾಯಿನ್' ಒತ್ತಿ. ಕೆಲವು ನಿಮಿಷ ಬಿಟ್ಟು ಪುಟವನ್ನು ಮತ್ತೆ ತೆರೆದರೆ ಹೆಸರಿನ ಮುಂದೆ 'ಬೀಟಾ' ಎಂಬ ಗುರುತು ಇರುತ್ತದೆ, 'ಅಪ್‌ಡೇಟ್' ಗುಂಡಿ ಕಾಣುತ್ತದೆ. ಅದನ್ನು ಒತ್ತಿದರೆ ಮುಗಿಯಿತು.

ಆ ಭಾಗವೇ ಕಾಣದಿದ್ದರೆ ಬ್ರೌಸರ್ ಮೂಲಕ ಪ್ರಯತ್ನಿಸಬಹುದು. ಪ್ರತಿ ಆ್ಯಪ್ಪಿಗೂ ಪ್ಲೇ ಡಾಟ್ ಗೂಗಲ್ ಡಾಟ್ ಕಾಮ್ ತಾಣದ 'ಆ್ಯಪ್ಸ್', ಅದರೊಳಗೆ 'ಟೆಸ್ಟಿಂಗ್' ಎಂಬ ವಿಳಾಸದ ಕೆಳಗೆ ಒಂದು ಪುಟ ಇರುತ್ತದೆ; ಕೊನೆಯಲ್ಲಿ ಆ ಆ್ಯಪ್ಪಿನ ಪ್ಯಾಕೇಜ್ ಹೆಸರು, ವಾಟ್ಸಾಪ್‌ಗಾದರೆ 'ಕಾಮ್ ಡಾಟ್ ವಾಟ್ಸಾಪ್'. ಅಲ್ಲಿ 'ಬಿಕಮ್ ಎ ಟೆಸ್ಟರ್' ಎಂಬ ಗುಂಡಿ ಇರುತ್ತದೆ. ಬ್ರೌಸರ್‌ನಲ್ಲಿ ತೆರೆದಿರುವ ಗೂಗಲ್ ಖಾತೆಯೂ ಪ್ಲೇ ಸ್ಟೋರ್‌ನ ಖಾತೆಯೂ ಒಂದೇ ಆಗಿರಬೇಕು.

'ಬೀಟಾ ಭರ್ತಿಯಾಗಿದೆ' ಎಂಬ ಸಂದೇಶ ಬಂದರೆ? ವಾಟ್ಸಾಪ್‌ನಲ್ಲಿ ಇದು ಆಗಾಗ ಕಾಣುವ ಉತ್ತರ. ಎಷ್ಟು ಜನ ಎಂಬುದಕ್ಕೆ ಮಿತಿ ಹಾಕುವ ಅವಕಾಶ ತಯಾರಕರಿಗಿದೆ, ಅದು ತುಂಬಿದೆ ಎಂದಷ್ಟೇ ಅರ್ಥ. ಯಾರಾದರೂ ಬಿಟ್ಟಾಗ ಜಾಗ ತೆರೆಯುತ್ತದೆ, ದಿನಕ್ಕೊಮ್ಮೆ ನೋಡುತ್ತಿರಬಹುದು. ಇದಕ್ಕೆ ಅಡ್ಡದಾರಿ ಇಲ್ಲ. ಕಾಯಲಾರದೆ ಎಲ್ಲಿಂದಲೋ ಎಪಿಕೆ ಫೈಲ್ (ಆಂಡ್ರಾಯ್ಡ್ ಆ್ಯಪ್ ಹಾಕಿಕೊಳ್ಳುವ ಫೈಲ್) ಇಳಿಸಿಕೊಳ್ಳುವುದನ್ನು ಮಾತ್ರ ಮಾಡಬೇಡಿ. ಫೈಲಿನಲ್ಲಿರುವ ತಯಾರಕರ ಡಿಜಿಟಲ್ ಸಹಿ ಮೂಲದ್ದಕ್ಕೆ ಹೊಂದದಿದ್ದರೆ ಫೋನ್ ಅದನ್ನು ಹಳೆಯದರ ಮೇಲೆ ಕೂರಿಸಲು ಒಪ್ಪುವುದಿಲ್ಲ. ಆಗ 'ಹಳೆಯದನ್ನು ಅಳಿಸಿ ಹಾಕಿ' ಎಂದು ಯಾರಾದರೂ ಸೂಚಿಸಿದರೆ, ಫೋನ್ ತಡೆದದ್ದನ್ನೇ ನಿಮ್ಮ ಕೈಯಿಂದ ಮಾಡಿಸುತ್ತಿದ್ದಾರೆ ಎಂದು ತಿಳಿಯಿರಿ.

ಎರಡು ಫೋನ್ ಇದ್ದವರಿಗೆ ಇನ್ನೂ ಒಳ್ಳೆಯ ದಾರಿ

ಮನೆಯಲ್ಲಿ ಹಳೆಯ ಆಂಡ್ರಾಯ್ಡ್ ಫೋನ್ ಒಂದಿದ್ದರೆ ಮುಖ್ಯ ಫೋನನ್ನು ಮುಟ್ಟುವ ಅಗತ್ಯವೇ ಇಲ್ಲ. 2023ರಿಂದ ಒಂದೇ ವಾಟ್ಸಾಪ್ ಖಾತೆಯನ್ನು ಎರಡನೆಯ ಫೋನಿಗೂ ಜೋಡಿಸಬಹುದು. ಮುಖ್ಯ ಫೋನ್ ಬಿಟ್ಟು 4 ಸಾಧನಗಳವರೆಗೆ. ಹಳೆಯ ಫೋನಿಗೆ ಬೀಟಾ ಹಾಕಿ, ನಂಬರ್ ಕೇಳುವ ಪರದೆಯಲ್ಲಿ ಮೇಲಿನ ಮೂರು ಚುಕ್ಕಿ ಒತ್ತಿ, ಜೊತೆ ಸಾಧನವಾಗಿ ಜೋಡಿಸುವ ಆಯ್ಕೆ ಆರಿಸಿ. ಬರುವ ಕ್ಯೂಆರ್ ಕೋಡನ್ನು ಮುಖ್ಯ ಫೋನಿನ 'ಲಿಂಕ್ಡ್ ಡಿವೈಸಸ್'ನಿಂದ ಸ್ಕ್ಯಾನ್ ಮಾಡಿ.

ಒಂದು ಷರತ್ತು. ಹಳೆಯ ಫೋನಿನಲ್ಲಿ ಬೇರೆ ಗೂಗಲ್ ಖಾತೆ ಇರಬೇಕು, ಬೀಟಾಕ್ಕೆ ಸೇರಬೇಕಾದದ್ದು ಆ ಖಾತೆಯಿಂದ. ಎರಡರಲ್ಲೂ ಒಂದೇ ಖಾತೆ ಇದ್ದರೆ, ರಾತ್ರಿ ಅಪ್‌ಡೇಟ್ ಆಗುವಾಗ ಮುಖ್ಯ ಫೋನಿಗೂ ಬೀಟಾ ಬಂದು ಕೂತಿರುತ್ತದೆ. ಮುಖ್ಯ ಫೋನ್ 14 ದಿನಕ್ಕಿಂತ ಹೆಚ್ಚು ಇಂಟರ್‌ನೆಟ್ ಇಲ್ಲದೆ ಇದ್ದರೆ ಜೋಡಿಸಿದ ಸಾಧನಗಳು ತಾವಾಗಿಯೇ ಕಳಚಿಕೊಳ್ಳುತ್ತವೆ ಎಂಬುದೂ ನೆನಪಿರಲಿ. ನೋಂದಣಿ, ಬ್ಯಾಕಪ್‌ನಂಥ ಮುಖ್ಯ ಫೋನಿಗೇ ಸೇರಿದ ಕೆಲಸಗಳನ್ನು ಈ ದಾರಿಯಲ್ಲಿ ಪರೀಕ್ಷಿಸಲು ಬರುವುದಿಲ್ಲ, ಅದೊಂದು ಕೊರತೆ.

ಸೇರಿದರೂ ಏನೂ ಬದಲಾಗಿಲ್ಲವೆಂದರೆ

ಅಪ್‌ಡೇಟ್ ಬಂದಿಲ್ಲದಿದ್ದರೆ ಮೊದಲು ಸಮಯ ಕೊಡಿ, ಕೆಲವೊಮ್ಮೆ ಗಂಟೆಗಟ್ಟಲೆ ಹಿಡಿಯುತ್ತದೆ. ಆಮೇಲೂ ಬರದಿದ್ದರೆ ಫೋನಿನ ಸೆಟ್ಟಿಂಗ್ಸ್‌ನ ಆ್ಯಪ್ಸ್ ಪಟ್ಟಿಯಲ್ಲಿ ಗೂಗಲ್ ಪ್ಲೇ ಸ್ಟೋರ್ ಆರಿಸಿ, ಸ್ಟೋರೇಜ್‌ನಲ್ಲಿ 'ಕ್ಲಿಯರ್ ಕ್ಯಾಶ್' ಒತ್ತಿ, ಫೋನ್ ಮರುಚಾಲೂ ಮಾಡಿ. ಇದನ್ನು ಪ್ಲೇ ಸ್ಟೋರ್‌ಗೆ ಮಾಡಿ. ಕೈತಪ್ಪಿ ವಾಟ್ಸಾಪ್‌ನ 'ಕ್ಲಿಯರ್ ಡೇಟಾ' ಒತ್ತಿದರೆ ಮಾತುಕತೆಗಳೆಲ್ಲ ಹೋದಂತೆ. ಸಾರ್ವಜನಿಕ ಆವೃತ್ತಿ ಈಗಷ್ಟೇ ಬಿಡುಗಡೆಯಾಗಿದ್ದರೆ ಬೀಟಾ ಮತ್ತು ಅದು ಒಂದೇ ಆಗಿರುವ ದಿನಗಳೂ ಉಂಟು, ಆಗ ಹೊಸ ಅಪ್‌ಡೇಟ್ ಇರುವುದಿಲ್ಲ. ಕಚೇರಿಯವರು ಕೊಟ್ಟ ಖಾತೆಯಾಗಿದ್ದರೆ ಅವರ ಕಡೆಯಿಂದಲೇ ತಡೆ ಇರಬಹುದು.

ಹೆಚ್ಚಿನವರ ನಿರಾಸೆ ಬೇರೆಯದು. ಬೀಟಾ ಬಂದಿದೆ, ಸುದ್ದಿಯಲ್ಲಿ ಓದಿದ ಹೊಸ ಸೌಲಭ್ಯ ಮಾತ್ರ ಕಾಣುತ್ತಿಲ್ಲ. ಕಾರಣ ಇದು: ಹೊಸ ಸೌಲಭ್ಯದ ಕೋಡ್ ಆ್ಯಪ್ಪಿನೊಳಗೆ ಬಂದಿದ್ದರೂ ಅದರ ಸ್ವಿಚ್ ಕಂಪನಿಯ ಸರ್ವರ್‌ನಲ್ಲಿದೆ. ಮೊದಲು ಕೆಲವೇ ಖಾತೆಗಳಿಗೆ ಹಾಕುತ್ತಾರೆ, ತೊಂದರೆ ಕಾಣದಿದ್ದರೆ ಹೆಚ್ಚಿಸುತ್ತಾ ಹೋಗುತ್ತಾರೆ. ಅಕ್ಕಪಕ್ಕ ಕೂತ ಇಬ್ಬರ ಫೋನಿನಲ್ಲಿ ಒಂದೇ ಆವೃತ್ತಿ ಇದ್ದು, ಒಬ್ಬರಿಗೆ ಕಂಡದ್ದು ಇನ್ನೊಬ್ಬರಿಗೆ ಕಾಣದಿರುವುದು ಇದರಿಂದ. ಅಳಿಸಿ ಮತ್ತೆ ಹಾಕಿದರೆ ಸ್ವಿಚ್ ಬದಲಾಗುವುದಿಲ್ಲ. ಹೊಸದನ್ನು ಮೊದಲು ನೋಡಬೇಕೆಂಬ ಆಸೆಯೊಂದರಿಂದಲೇ ಸೇರುವುದಾದರೆ ಬೇಡ ಎನ್ನುವುದು ಇದಕ್ಕೇ. ಸಿಗುವ ಖಾತರಿ ಇಲ್ಲ, ಆ್ಯಪ್ ಕೈಕೊಡುವ ಸಾಧ್ಯತೆ ಮಾತ್ರ ಖಂಡಿತ ಹೆಚ್ಚು.

ವಾಟ್ಸಾಪ್ ಬೀಟಾಕ್ಕೆ ವಾರದಲ್ಲಿ ಹಲವು ಅಪ್‌ಡೇಟ್ ಬರುವುದುಂಟು. ಡೇಟಾ ಉಳಿಸಬೇಕಾದವರು ಪ್ಲೇ ಸ್ಟೋರ್ ಸೆಟ್ಟಿಂಗ್ಸ್‌ನ ನೆಟ್‌ವರ್ಕ್ ಆಯ್ಕೆಗಳಲ್ಲಿ ತಾನಾಗಿ ಅಪ್‌ಡೇಟ್ ಆಗುವುದನ್ನು ವೈಫೈಗೆ ಮಾತ್ರ ಸೀಮಿತ ಮಾಡಿ. ಆದರೆ ಅಪ್‌ಡೇಟನ್ನು ಪೂರ್ತಿ ನಿಲ್ಲಿಸಬೇಡಿ, ಮೂರು ವಾರ ಹಳೆಯ ಬೀಟಾದಲ್ಲಿ ಕಂಡ ದೋಷವನ್ನು ವರದಿ ಮಾಡಿದರೆ ಯಾರಿಗೂ ಉಪಯೋಗವಿಲ್ಲ.

ಐಫೋನ್‌ನಲ್ಲಿ

ಇಲ್ಲಿ ಎಲ್ಲವೂ ಆ್ಯಪಲ್‌ನ ಟೆಸ್ಟ್‌ಫ್ಲೈಟ್ ಎಂಬ ಆ್ಯಪ್ ಮೂಲಕ. ಅದನ್ನು ಆ್ಯಪ್ ಸ್ಟೋರ್‌ನಿಂದ ಹಾಕಿಕೊಂಡು, ತಯಾರಕರು ಇಮೇಲ್‌ನಲ್ಲಿ ಕಳಿಸಿದ ಆಹ್ವಾನವನ್ನೋ ಸಾರ್ವಜನಿಕ ಕೊಂಡಿಯನ್ನೋ ಒತ್ತಿ, 'ಆಕ್ಸೆಪ್ಟ್', ನಂತರ 'ಇನ್‌ಸ್ಟಾಲ್'. ಒಂದು ಆ್ಯಪ್ಪಿಗೆ ಹೊರಗಿನ ಪರೀಕ್ಷಕರು 10,000 ಮಂದಿ ಮಾತ್ರ, ಹಾಗಾಗಿ ಹೆಸರಾದ ಆ್ಯಪ್‌ಗಳ ಜಾಗ ತುಂಬಿಯೇ ಇರುತ್ತದೆ. ಪ್ರತಿ ಆವೃತ್ತಿಗೆ 90 ದಿನದ ಆಯುಸ್ಸು. ಅಷ್ಟರೊಳಗೆ ಹೊಸದು ಬರದಿದ್ದರೆ ಆ್ಯಪ್ ತೆರೆಯುವುದೇ ಇಲ್ಲ. ಆ್ಯಪ್ ಸ್ಟೋರ್ ಆವೃತ್ತಿ ಮೊದಲೇ ಇದ್ದರೆ ಬೀಟಾ ಅದರ ಜಾಗದಲ್ಲಿ ಕೂರುತ್ತದೆ. ಮುಖಪರದೆಯಲ್ಲಿ ಹೆಸರಿನ ಪಕ್ಕ ಕಿತ್ತಳೆ ಚುಕ್ಕಿ ಕಂಡರೆ ಅದು ಬೀಟಾ. ದೋಷ ತಿಳಿಸುವುದು ಇಲ್ಲಿ ಸುಲಭ: ಸ್ಕ್ರೀನ್‌ಶಾಟ್ ತೆಗೆದು 'ಡನ್' ಒತ್ತಿದರೆ ನೇರ ತಯಾರಕರಿಗೆ ಕಳಿಸುವ ಆಯ್ಕೆ ಬರುತ್ತದೆ. ಬಿಡಬೇಕೆಂದಾಗ ಟೆಸ್ಟ್‌ಫ್ಲೈಟ್‌ನಲ್ಲಿ ಆ ಆ್ಯಪ್ಪಿನ ಪುಟದಲ್ಲೇ 'ಸ್ಟಾಪ್ ಟೆಸ್ಟಿಂಗ್' ಇದೆ.

ಹಣದ ವಿಷಯದಲ್ಲಿ ಎರಡೂ ಕಡೆ ನಿಯಮ ಬೇರೆ, ಇದನ್ನು ತಿಳಿಯದೆ ಕೈಸುಟ್ಟುಕೊಳ್ಳಬೇಡಿ. ಟೆಸ್ಟ್‌ಫ್ಲೈಟ್‌ನಲ್ಲಿ ಆ್ಯಪ್ ಒಳಗಿನ ಖರೀದಿಗೆ ಹಣ ಕಡಿತವಾಗುವುದಿಲ್ಲ. ಹಾಗೆ ಕೊಂಡದ್ದು ಸಾರ್ವಜನಿಕ ಆವೃತ್ತಿಗೆ ಬರುವುದೂ ಇಲ್ಲ. ಪ್ಲೇ ಸ್ಟೋರ್‌ನ ಬೀಟಾದಲ್ಲಿ ಮಾತ್ರ ನಿಜವಾದ ಹಣವೇ ಹೋಗುತ್ತದೆ, ತಯಾರಕರು ನಿಮ್ಮನ್ನು ಲೈಸೆನ್ಸ್ ಟೆಸ್ಟರ್ (ಹಣ ಕಡಿತವಾಗದೆ ಖರೀದಿ ಪರೀಕ್ಷಿಸುವವರ) ಪಟ್ಟಿಗೆ ಸೇರಿಸಿದ್ದರೆ ಹೊರತು.

ಪರಿಚಯದವರು 'ನಮ್ಮ ಆ್ಯಪ್ ಪರೀಕ್ಷಿಸಿ' ಎಂದು ಕೇಳಿದರೆ

ಇತ್ತೀಚೆಗೆ ಇಂಜಿನಿಯರಿಂಗ್ ಕಾಲೇಜಿನ ಹುಡುಗ ಹುಡುಗಿಯರಿಂದ, ಒಬ್ಬಂಟಿಯಾಗಿ ಆ್ಯಪ್ ಮಾಡುವವರಿಂದ ಇಂಥ ಕೋರಿಕೆ ಹೆಚ್ಚಾಗಿದೆ. ಅದರ ಹಿಂದೆ ಗೂಗಲ್‌ನ ಒಂದು ನಿಯಮವಿದೆ. 2023ರ ನವೆಂಬರ್ 13ರ ನಂತರ ವೈಯಕ್ತಿಕ ಡೆವಲಪರ್ ಖಾತೆ ತೆರೆದವರು, ಆ್ಯಪ್ಪನ್ನು ಎಲ್ಲರಿಗೂ ಬಿಡುವ ಮೊದಲು ಕನಿಷ್ಠ 12 ಪರೀಕ್ಷಕರೊಂದಿಗೆ 14 ದಿನ ಬಿಡದೆ ಮುಚ್ಚಿದ ಪರೀಕ್ಷೆ ನಡೆಸಿರಬೇಕು. ಮೊದಲು ಈ ಸಂಖ್ಯೆ 20 ಇತ್ತು, 2024ರ ಡಿಸೆಂಬರ್‌ನಲ್ಲಿ ಇಳಿಸಿದರು.

ಮುಚ್ಚಿದ ಪರೀಕ್ಷೆ ಹುಡುಕಿದರೆ ಸಿಗುವಂಥದ್ದಲ್ಲ. ಅವರು ನಿಮ್ಮ ಜಿಮೇಲ್ ವಿಳಾಸವನ್ನು ಪಟ್ಟಿಗೆ ಸೇರಿಸಬೇಕು, ಇಲ್ಲವೇ ನೀವು ಅವರ ಗೂಗಲ್ ಗ್ರೂಪ್‌ಗೆ ಸೇರಬೇಕು. ಅದಾದ ಮೇಲೆ ಅವರು ಕೊಟ್ಟ ಕೊಂಡಿಯಲ್ಲಿ 'ಬಿಕಮ್ ಎ ಟೆಸ್ಟರ್' ಒತ್ತಬೇಕು, ಕೊನೆಗೆ ಪ್ಲೇ ಸ್ಟೋರ್‌ನಿಂದ ಹಾಕಿಕೊಳ್ಳಬೇಕು. ಕ್ರಮ ತಪ್ಪಿದರೆ 'ಈ ಖಾತೆಗೆ ಆ್ಯಪ್ ಲಭ್ಯವಿಲ್ಲ' ಎಂದೋ, ಪುಟವೇ ಇಲ್ಲ ಎಂದೋ ಬರುತ್ತದೆ. ಹತ್ತರಲ್ಲಿ ಒಂಬತ್ತು ಸಲ ಕಾರಣ, ಪಟ್ಟಿಯಲ್ಲಿರುವ ಜಿಮೇಲ್ ಒಂದು, ಫೋನಿನಲ್ಲಿ ತೆರೆದಿರುವುದು ಇನ್ನೊಂದು.

ಒಪ್ಪಿಕೊಂಡ ಮೇಲೆ 14 ದಿನವೂ ಪರೀಕ್ಷೆಯಿಂದ ಹೊರಬರಬೇಡಿ. ಸತತ 14 ದಿನ ಎಂಬುದೇ ಲೆಕ್ಕ. ನೀವು ಹನ್ನೆರಡನೆಯವರಾಗಿದ್ದು ಹತ್ತನೇ ದಿನ ಬಿಟ್ಟರೆ ಅವರ ಶ್ರಮ ಹಿಂದಕ್ಕೆ ಬೀಳುತ್ತದೆ. ಹಾಕಿ ಸುಮ್ಮನಿಡುವುದಕ್ಕಿಂತ ಎರಡು ದಿನಕ್ಕೊಮ್ಮೆ ತೆರೆದು, ಕಂಡದ್ದನ್ನು ಬರೆದು ತಿಳಿಸಿ. ಪರೀಕ್ಷಕರಿಂದ ಏನು ತಿಳಿಯಿತು, ಅದರಿಂದ ಏನು ಬದಲಿಸಿದಿರಿ ಎಂದು ಗೂಗಲ್ ಅವರನ್ನು ಕೇಳುತ್ತದೆ.

ಉಪಯೋಗಕ್ಕೆ ಬರುವ ವರದಿ

'ಆ್ಯಪ್ ಸರಿಯಿಲ್ಲ, ಹ್ಯಾಂಗ್ ಆಗುತ್ತದೆ' ಎಂದು ಬರೆದರೆ ಎಂಥ ಜಾಣ ಇಂಜಿನಿಯರ್‌ಗೂ ಏನೂ ಮಾಡಲಾಗದು. ತಮ್ಮ ಮೇಜಿನ ಮೇಲೆ ಅದೇ ದೋಷವನ್ನು ಮತ್ತೆ ಹುಟ್ಟಿಸಲು ಆದರೆ ಮಾತ್ರ ಅವರು ಅದನ್ನು ಸರಿಪಡಿಸಬಲ್ಲರು. ವರದಿ ಬರೆಯುವಾಗ ಗುರಿ ಅದೊಂದೇ. ಹೀಗಿದ್ದರೆ ಚೆನ್ನ:

ಫೋನ್ ಮಾದರಿ ಮತ್ತು ಆಂಡ್ರಾಯ್ಡ್ ಆವೃತ್ತಿ: (ಸೆಟ್ಟಿಂಗ್ಸ್‌ನ 'ಅಬೌಟ್ ಫೋನ್'ನಲ್ಲಿ ಇರುವಂತೆ)
ಆ್ಯಪ್ ಆವೃತ್ತಿ: (ಪೂರ್ತಿ ಸಂಖ್ಯೆ)
ಭಾಷೆ: ಕನ್ನಡ. ಅಕ್ಷರ ಗಾತ್ರ: ಮಾಮೂಲಿಗಿಂತ ಒಂದು ಹಂತ ದೊಡ್ಡದು
ಮಾಡಿದ್ದು: 1. ಗುಂಪೊಂದನ್ನು ತೆರೆದೆ. 2. ಮೈಕ್ ಒತ್ತಿ ಹಿಡಿದು 20 ಸೆಕೆಂಡ್ ಮಾತಾಡಿದೆ. 3. ಬೆರಳು ಎತ್ತುವ ಮೊದಲೇ ಕರೆ ಬಂತು. 4. ಕರೆ ಕತ್ತರಿಸಿದೆ.
ಆಗಬೇಕಿದ್ದದ್ದು: ಅಲ್ಲಿಯವರೆಗಿನ ಧ್ವನಿ ಉಳಿಯಬೇಕಿತ್ತು.
ಆದದ್ದು: ಆ್ಯಪ್ ಮುಚ್ಚಿಕೊಂಡಿತು, ಧ್ವನಿ ಉಳಿಯಲಿಲ್ಲ.
ಎಷ್ಟು ಸಲ: 5ರಲ್ಲಿ 4. ವೈಫೈ, ಮೊಬೈಲ್ ಡೇಟಾ ಎರಡರಲ್ಲೂ.

ವಾಟ್ಸಾಪ್ ಆವೃತ್ತಿ ಸಂಖ್ಯೆ ಸೆಟ್ಟಿಂಗ್ಸ್‌ನ ಹೆಲ್ಪ್ ಒಳಗಿನ 'ಆ್ಯಪ್ ಇನ್ಫೋ'ದಲ್ಲಿದೆ. ಅದರ ಎರಡನೆಯ ಭಾಗ ವರ್ಷ: 2.24 ಎಂದರೆ 2024ರದ್ದು, 2.25 ಎಂದರೆ 2025ರದ್ದು. ಒಂದು ವರದಿಯಲ್ಲಿ ಒಂದೇ ದೋಷ ಇರಲಿ. ಆ್ಯಪ್ ಒಳಗಿನ ಹೆಲ್ಪ್ ಭಾಗದಿಂದ ಕಳಿಸಬಹುದು, ಪ್ಲೇ ಸ್ಟೋರ್ ಪುಟದಲ್ಲಿ ತಯಾರಕರಿಗೆ ಖಾಸಗಿಯಾಗಿ ಬರೆಯುವ ಜಾಗದಿಂದಲೂ ಕಳಿಸಬಹುದು. ಬೀಟಾದಲ್ಲಿ ಇರುವವರೆಗೆ ನೀವು ಅಲ್ಲಿ ಬರೆದದ್ದು ಸಾರ್ವಜನಿಕ ವಿಮರ್ಶೆಯಾಗಿ ಕಾಣುವುದಿಲ್ಲ. ಸ್ಕ್ರೀನ್‌ಶಾಟ್ ಕಳಿಸುವ ಮೊದಲು ಬೇರೆಯವರ ಹೆಸರು, ನಂಬರ್, ಫೋಟೊ ಮುಚ್ಚಿ. ಆಂಡ್ರಾಯ್ಡ್‌ನ ಡೆವಲಪರ್ ಆಯ್ಕೆಗಳಿಂದ ತೆಗೆಯುವ 'ಬಗ್ ರಿಪೋರ್ಟ್' ಫೈಲಿನಲ್ಲಿ ನಿಮ್ಮ ಖಾಸಗಿ ಮಾಹಿತಿ ಸೇರಿರುತ್ತದೆ, ತಯಾರಕರು ಕೇಳಿದಾಗ ಅವರಿಗೆ ಮಾತ್ರ ಕೊಡಿ, ಗುಂಪುಗಳಲ್ಲಿ ಹಾಕಬೇಡಿ.

ಕನ್ನಡದವರು ಮಾತ್ರ ಹಿಡಿಯಬಲ್ಲ ದೋಷಗಳು

ಇಲ್ಲಿ ಸ್ವಲ್ಪ ನಿಲ್ಲೋಣ. ಬ್ಯಾಟರಿ ಬೇಗ ಮುಗಿಯುವುದನ್ನು ಜಗತ್ತಿನ ಯಾವ ಮೂಲೆಯವರಾದರೂ ಹೇಳುತ್ತಾರೆ. ಕನ್ನಡ ಅಕ್ಷರ ಒಡೆದದ್ದನ್ನು ನಾವು ಹೇಳದಿದ್ದರೆ ಯಾರೂ ಹೇಳುವುದಿಲ್ಲ, ಅದು ಹಾಗೆಯೇ ಎಲ್ಲರ ಫೋನಿಗೂ ಹೋಗುತ್ತದೆ. ಬೀಟಾ ಸೇರುವ ಕನ್ನಡಿಗರು ಈ ಪರೀಕ್ಷೆಗಳನ್ನಾದರೂ ಮಾಡಲೇಬೇಕು. ಆಂಡ್ರಾಯ್ಡ್ 13 ಮತ್ತು ನಂತರದ್ದರಲ್ಲಿ ಫೋನ್ ಇಂಗ್ಲಿಷಿನಲ್ಲೇ ಇದ್ದರೂ ಒಂದೊಂದು ಆ್ಯಪ್ಪಿನ ಭಾಷೆಯನ್ನು ಸೆಟ್ಟಿಂಗ್ಸ್‌ನ ಭಾಷಾ ಭಾಗದಲ್ಲಿ ಕನ್ನಡಕ್ಕೆ ಬದಲಿಸಬಹುದು.

ಒತ್ತಕ್ಷರದ ಬುಡ ಕತ್ತರಿಸಿಹೋಗುವುದು ಎಲ್ಲಕ್ಕಿಂತ ಹೆಚ್ಚು ಕಾಣುವ ದೋಷ. ಗುಂಪಿನ ಹೆಸರಾಗಿ 'ಸ್ವಾತಂತ್ರ್ಯ', 'ರಾಷ್ಟ್ರ', 'ಸ್ತ್ರೀ' ಎಂದು ಕೊಟ್ಟು ನೋಡಿ. ಸಾಲಿನ ಎತ್ತರವನ್ನು ಇಂಗ್ಲಿಷ್ ಅಕ್ಷರಕ್ಕೆ ಅಳೆದು ಕಟ್ಟಿದ್ದರೆ ಕೆಳಗಿನ ಒತ್ತುಗಳು ಅರ್ಧ ಮಾಯವಾಗುತ್ತವೆ. ಅಕ್ಷರದ ಗಾತ್ರ ಹೆಚ್ಚಿಸಿ ಮತ್ತೆ ನೋಡಿ, ಗುಂಡಿಗಳ ಮೇಲಿನ ಪದಗಳು ಅಲ್ಲಿ ಪೂರ್ತಿ ಕಾಣುತ್ತವೆಯೇ ಎಂದು ಗಮನಿಸಿ.

ಎರಡನೆಯದು ಕಣ್ಣಿಗೆ ಕಾಣದ ಜೋಡುಗುರುತುಗಳು. 'ರ‍್ಯಾಂಕ್' ಎಂದು ಬರೆಯುವಾಗ ರಕಾರ ಪೂರ್ತಿ ನಿಂತು ಯಕಾರ ಒತ್ತಾಗಲು, 'ರಾಜ್‌ಕುಮಾರ್' ಎಂಬಲ್ಲಿ ಜಕಾರಕ್ಕೆ ಕಕಾರ ಒತ್ತಾಗಿ ಅಂಟದಿರಲು, ನಡುವೆ ಅದೃಶ್ಯವಾದ ಒಂದೊಂದು ಯುನಿಕೋಡ್ ಸಂಕೇತ ಇರುತ್ತದೆ. ಕೆಲವು ಆ್ಯಪ್‌ಗಳು ಹೆಸರು ಉಳಿಸುವಾಗ ಅದನ್ನು ಕಸವೆಂದು ತೆಗೆದುಹಾಕುತ್ತವೆ. ಆಗ 'ರ್ಯಾಂಕ್', 'ರಾಜ್ಕುಮಾರ್' ಆಗಿಬಿಡುತ್ತದೆ. ಪ್ರೊಫೈಲ್ ಹೆಸರಲ್ಲಿ ಹೀಗೆ ಬರೆದು, ಉಳಿಸಿ, ಮುಚ್ಚಿ ತೆರೆದು ನೋಡಿ. 'ಆ್ಯಪ್' ಪದವನ್ನೂ ಪರೀಕ್ಷಿಸಿ. ಸ್ವರದ ಮೇಲೆ ಒತ್ತು ಬರುವುದನ್ನು ಅರಿಯದ ಫಾಂಟ್‌ಗಳು ಅಲ್ಲಿ ಚುಕ್ಕಿಗಳ ವೃತ್ತ ತೋರಿಸುತ್ತವೆ.

ಹುಡುಕುವ ಸೌಲಭ್ಯದಲ್ಲಿ ಇನ್ನೊಂದು ಸೂಕ್ಷ್ಮ. 'ಕೋಲಾರ'ದ 'ಕೋ' ಒಂದೇ ಸ್ವರಚಿಹ್ನೆಯಾಗಿ ದಾಖಲಾಗಿರಬಹುದು, ಎತ್ವ, ಊತ್ವ, ದೀರ್ಘ ಎಂದು ಬಿಡಿಬಿಡಿಯಾಗಿಯೂ ಇರಬಹುದು. ಕಣ್ಣಿಗೆ ಎರಡೂ ಒಂದೇ. ಆ್ಯಪ್ ಇವನ್ನು ಸಮ ಮಾಡಿಕೊಳ್ಳದಿದ್ದರೆ ಎದುರಿಗೇ ಇರುವ ಸಂದೇಶ ಹುಡುಕಿದಾಗ ಸಿಗುವುದಿಲ್ಲ.

ಅನುವಾದದಲ್ಲಿ ಪದ ಹಿಡಿಸಲಿಲ್ಲ ಎಂಬುದಕ್ಕಿಂತ ವಿಭಕ್ತಿ ಕೆಟ್ಟದ್ದನ್ನು ಹಿಡಿಯಿರಿ. ಹೆಸರು ಬರುವ ಜಾಗಕ್ಕೆ 'ನಿಂದ' ಎಂದು ಅಂಟಿಸಿಟ್ಟರೆ 'ಲಕ್ಷ್ಮಿ ನಿಂದ ಕರೆ' ಎಂದು ಬರುತ್ತದೆ. ಪ್ರತ್ಯಯ ಹೆಸರಿಗೆ ತಕ್ಕಂತೆ ಬದಲಾಗುತ್ತದೆ ಎಂಬುದು ಇಂಗ್ಲಿಷ್ ಮಾತ್ರ ಬಲ್ಲ ಇಂಜಿನಿಯರ್‌ಗೆ ಹೊಳೆಯುವಂಥದ್ದಲ್ಲ. ದೂರುವುದರ ಜೊತೆಗೆ ಪರಿಹಾರವನ್ನೂ ಬರೆಯಿರಿ: 'ಅವರಿಂದ ಕರೆ' ಎಂದಿದ್ದರೆ ಯಾವ ಹೆಸರಿಗೂ ಹೊಂದುತ್ತದೆ. ಕನ್ನಡ ಬಾರದವರಿಗೆ ವರದಿ ಹೋಗುವುದಾದರೆ ಸರಳ ಇಂಗ್ಲಿಷಿನಲ್ಲಿ ಬರೆದು, ಕನ್ನಡ ಪದವನ್ನು ಚಿತ್ರವಾಗಿಯೂ ಅಕ್ಷರವಾಗಿಯೂ ಎರಡು ರೂಪದಲ್ಲಿ ಕೊಡಿ.

ಬೀಟಾ ಹೆಸರಿನ ಮೋಸ

ಪರೀಕ್ಷಕರಾಗಲು ನೀವು ಹಣ ಕಟ್ಟುವ ಪ್ರಶ್ನೆಯೇ ಇಲ್ಲ. 'ಆ್ಯಪ್ ಪರೀಕ್ಷಿಸುವ ಮನೆಗೆಲಸ, ದಿನಕ್ಕಿಷ್ಟು ಸಂಪಾದನೆ' ಎಂದು ಬಂದು, ಮೊದಲು ಒಂದೆರಡು ನೂರು ರೂಪಾಯಿ ಕೊಟ್ಟು, ಆಮೇಲೆ ಠೇವಣಿ ಕೇಳಿದರೆ ಅದು ವಂಚನೆ. 2021ರಲ್ಲಿ 'ಪಿಂಕ್ ವಾಟ್ಸಾಪ್' ಎಂಬ ಕೊಂಡಿ ಹರಿದಾಡಿತು, 2023ರಲ್ಲಿ ಮತ್ತೆ ಬಂತು. ಹೊಸ ಬಣ್ಣದ ಆಸೆಗೆ ಒತ್ತಿದವರ ಫೋನಿಗೆ ಕುತಂತ್ರಾಂಶ ಇಳಿಯುತ್ತಿತ್ತು. ಬೀಟಾ ಆ್ಯಪ್ ಎಂದು ನಂಬಿಸಿ ಕ್ರಿಪ್ಟೊ ಹೂಡಿಕೆಯ ಹಣ ದೋಚುವವರ ಬಗ್ಗೆ ಅಮೆರಿಕದ ತನಿಖಾ ಸಂಸ್ಥೆ ಎಫ್‌ಬಿಐ 2023ರ ಆಗಸ್ಟ್‌ನಲ್ಲಿ ಎಚ್ಚರಿಸಿತ್ತು. ಟೆಸ್ಟ್‌ಫ್ಲೈಟ್‌ನಲ್ಲಿದೆ ಎಂದಮಾತ್ರಕ್ಕೆ ಆ್ಯಪ್ ಸ್ಟೋರ್‌ಗಿರುವಷ್ಟು ತಪಾಸಣೆ ಆಗಿದೆ ಎಂದುಕೊಳ್ಳಬೇಡಿ. ಹಣ ಹೋಗಿದ್ದರೆ ತಡಮಾಡದೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ಹೊರಬರುವಾಗ

ಪ್ಲೇ ಸ್ಟೋರ್‌ನಲ್ಲಿ ವಾಟ್ಸಾಪ್ ಪುಟಕ್ಕೆ ಹೋಗಿ ಕೆಳಗೆ ಸರಿಸಿದರೆ, ಮೊದಲು 'ಜಾಯಿನ್' ಇದ್ದ ಜಾಗದಲ್ಲಿ 'ಲೀವ್' ಇರುತ್ತದೆ. ಒತ್ತಿ, ಖಚಿತಪಡಿಸಿ. ಇಷ್ಟರಿಂದ ಸದಸ್ಯತ್ವ ಹೋಗುತ್ತದೆ, ಫೋನಿನಲ್ಲಿರುವ ಬೀಟಾ ಹೋಗುವುದಿಲ್ಲ. ಪ್ರತಿ ಆವೃತ್ತಿಗೂ ಒಳಗೆ ಏರುತ್ತಾ ಹೋಗುವ ಒಂದು ಸಂಖ್ಯೆ ಇದೆ, ಹೆಚ್ಚಿನ ಸಂಖ್ಯೆಯ ಮೇಲೆ ಕಡಿಮೆಯದನ್ನು ಹಾಕಲು ಆಂಡ್ರಾಯ್ಡ್ ಬಿಡುವುದಿಲ್ಲ. ಹೊಸ ಆವೃತ್ತಿ ಮಾಹಿತಿಯನ್ನು ತನ್ನ ರೀತಿಗೆ ಬದಲಿಸಿಕೊಂಡಿರುತ್ತದೆ, ಹಳೆಯದಕ್ಕೆ ಅದನ್ನು ಓದಲು ಬಾರದಿರಬಹುದು ಎಂಬುದು ಇದರ ಹಿಂದಿನ ಕಾರಣ.

ಹಾಗಾಗಿ ದಾರಿ ಎರಡು. ಬೀಟಾ ತಕ್ಕಮಟ್ಟಿಗೆ ನಡೆಯುತ್ತಿದ್ದರೆ 'ಲೀವ್' ಒತ್ತಿ ಸುಮ್ಮನಿರಿ. ಸಾರ್ವಜನಿಕ ಆವೃತ್ತಿಯ ಸಂಖ್ಯೆ ನಿಮ್ಮಲ್ಲಿರುವುದನ್ನು ದಾಟಿದ ದಿನ ಅದು ಮಾಮೂಲಿ ಅಪ್‌ಡೇಟ್ ಆಗಿ ಬಂದು ಕೂರುತ್ತದೆ, ಒಂದು ಸಂದೇಶವೂ ಹೋಗುವುದಿಲ್ಲ. ಬಹುತೇಕ ಎಲ್ಲರಿಗೂ ಇದೇ ಸರಿಯಾದ ದಾರಿ.

ಆ್ಯಪ್ ತೆರೆಯುವುದೇ ಇಲ್ಲವೆಂದಾದರೆ ಮಾತ್ರ ಅಳಿಸಿ ಮತ್ತೆ ಹಾಕುವ ದಾರಿ. ಅದಕ್ಕೂ ಮೊದಲು ಒಂದು ದಿನ ಕಾಯಿರಿ, ಅಷ್ಟು ದೊಡ್ಡ ದೋಷಕ್ಕೆ ತಿದ್ದುಪಡಿಯ ಬೀಟಾ ಬೇಗ ಬರುತ್ತದೆ. ಬರದಿದ್ದರೆ 'ಲೀವ್' ಒತ್ತಿ, ಪ್ಲೇ ಸ್ಟೋರ್ ಪುಟದಲ್ಲಿ ಬೀಟಾ ಗುರುತು ಹೋಗುವವರೆಗೆ ಕಾಯಿರಿ, ಇಲ್ಲದಿದ್ದರೆ ಮತ್ತೆ ಬೀಟಾವೇ ಇಳಿಯುತ್ತದೆ. ಫೈಲ್ ಮ್ಯಾನೇಜರ್‌ನಲ್ಲಿ 'ಆಂಡ್ರಾಯ್ಡ್', 'ಮೀಡಿಯಾ', 'ಕಾಮ್ ಡಾಟ್ ವಾಟ್ಸಾಪ್' ಫೋಲ್ಡರ್ ಹುಡುಕಿ, ಅದರೊಳಗಿನ ವಾಟ್ಸಾಪ್ ಫೋಲ್ಡರನ್ನು ಕಂಪ್ಯೂಟರ್‌ಗೋ ಪೆನ್‌ಡ್ರೈವ್‌ಗೋ ನಕಲು ಮಾಡಿಡಿ; ಕಳೆದ ಕೆಲವು ದಿನಗಳ ಬ್ಯಾಕಪ್ ಫೈಲು, ಫೋಟೊಗಳೆಲ್ಲ ಅದರಲ್ಲಿವೆ. ನಂತರ ಅಳಿಸಿ, ಹಾಕಿ, ಅದೇ ನಂಬರ್ ಕೊಟ್ಟು, 'ರಿಸ್ಟೋರ್' ಕೇಳಿದಾಗ ಒಪ್ಪಿಕೊಳ್ಳಿ. ಆ ಪರದೆಯಲ್ಲಿ 'ಸ್ಕಿಪ್' ಒತ್ತಬೇಡಿ. ಒತ್ತಿಬಿಟ್ಟಿದ್ದರೆ ಹೊಸ ಬ್ಯಾಕಪ್ ಆಗುವ ಮೊದಲೇ ಮತ್ತೆ ಅಳಿಸಿ ಮೊದಲಿನಿಂದ ಮಾಡಿ, ಏಕೆಂದರೆ ರಾತ್ರಿ ಆಗುವ ಖಾಲಿ ಬ್ಯಾಕಪ್ ಡ್ರೈವ್‌ನಲ್ಲಿರುವ ಹಳೆಯದರ ಮೇಲೆಯೇ ಕೂರುತ್ತದೆ.